ತಿರುಗಾಟದ ಬ್ಯಾಕ್ ಆಟಗಾರರು

ನಮ್ಮ ಕಾಲೇಜಿನಲ್ಲಿ ಫುಟ್‌ಬಾಲ್ ಆಡುವವರು ಹದಿನೈದು ಜನ. ಕ್ರಿಕೆಟ್ಟಿನ ವಿಚಾರ ಮಾತನಾಡುವವರು ಉಳಿದವರೆಲ್ಲರೂ. ಇದು ನಮ್ಮ ಕಾಲೇಜಿನ ದೋಷವಲ್ಲ, ದಕ್ಷಿಣ ಬೆಂಗಳೂರಿನ ಗುಣ. ಜಯನಗರ, ಬನಶಂಕರಿ, ಜೆ.ಪಿ. ನಗರಗಳ ಯಾವ ಮೈದಾನದಲ್ಲಿಯೇ ಆಗಲಿ ಭಾನುವಾರ ಬೆಳಗ್ಗೆ ನಿಂತು ನೋಡಿದರೆ ಏಳೆಂಟು ಕ್ರಿಕೆಟ್ ಪಂದ್ಯಗಳು ಒಂದರೊಳಗೊಂದು ಹೆಣೆದುಕೊಂಡು ನಡೆಯುತ್ತಿರುತ್ತವೆ. ಫುಟ್‌ಬಾಲಿನ ಬೆಂಗಳೂರೇ ಬೇರೆ. ಅದು ಹಲಸೂರು, ಗೌತಮಪುರ, ಆಸ್ಟಿನ್ ಟೌನು. ಅಂದರೆ ದಂಡಿನ ಕಡೆಯ ಬೆಂಗಳೂರು. ಗೌತಮಪುರದ ಬೀದಿಯಲ್ಲಿ ಪೆಲೆಯ ಪ್ರತಿಮೆಯನ್ನೇ ನಿಲ್ಲಿಸಿದ್ದಾರೆ. ನಮ್ಮ ಕಡೆ ಅಂಥದೊಂದನ್ನು ನಿಲ್ಲಿಸಿದರೆ ಮರುದಿನವೇ ಅದನ್ನು ವಿಕೆಟ್ಟು ಮಾಡಿಕೊಂಡಾರು!

ಇಂತಹ ಊರಿನಲ್ಲಿ ಫುಟ್‌ಬಾಲಿನ ಬಗ್ಗೆ, ಅದರಲ್ಲಿಯೂ ಬ್ಯಾಕ್ ಆಟಗಾರರ ಬಗ್ಗೆ ಬರೆಯಲು ಹೊರಟಿದ್ದೇನೆ. ನಾನೂ ನಮ್ಮ ತಂಡದ ಬಲಬದಿಯ ಬ್ಯಾಕ್. ಆದ್ದರಿಂದ ಸ್ವಲ್ಪ ಪಕ್ಷಪಾತ ಕಂಡರೆ ವಾಚಕರು ಮನ್ನಿಸಬೇಕು.

ಆಟದಲ್ಲಿ ಎರಡು ಬಗೆಯ ಜನ. ಒಂದೇ ಕ್ಲಬ್ಬಿನಲ್ಲಿ ಬೆಳೆದು, ಅಲ್ಲಿಯೇ ಹೆಸರು ಮಾಡಿ, ಅಲ್ಲಿಯೇ ಹಾರ ಹಾಕಿಸಿಕೊಂಡು ನಿವೃತ್ತರಾಗುವ ಪುಣ್ಯವಂತರು ಕೆಲವರು. ವರ್ಷಕ್ಕೊಂದು, ಎರಡು ವರ್ಷಕ್ಕೊಂದು ಊರು ಬದಲಾಯಿಸುತ್ತ, ಕರೆದವರ ಮನೆಯ ಬಾಗಿಲು ಕಾಯುವವರು ಹಲವರು. ಈ ಎರಡನೆಯ ಬಗೆಯವರಿಗೆ ಕನ್ನಡದಲ್ಲಿ ಸರಿಯಾದ ಹೆಸರಿಲ್ಲವೆಂದು ನಾನು ಯೋಚಿಸುತ್ತಿದ್ದಾಗ, ಉಡುಪಿಯ ಕಡೆಯಿಂದ ಬಂದ ನನ್ನ ಸಹಪಾಠಿಯೊಬ್ಬ ಸುಲಭವಾಗಿ ಪರಿಹಾರ ಹೇಳಿದ. ಯಕ್ಷಗಾನ ಮೇಳಗಳ ಕಲಾವಿದರು ಒಂದು ಮೇಳದೊಡನೆ ಒಂದು ವರ್ಷದ ತಿರುಗಾಟಕ್ಕೆ ಒಪ್ಪಿಕೊಳ್ಳುತ್ತಾರೆ. ದೀಪಾವಳಿಯ ಆಸುಪಾಸಿನಲ್ಲಿ ಗೆಜ್ಜೆ ಕಟ್ಟಿದರೆ ಪತ್ತನಾಜೆಗೆ ಬಿಚ್ಚುತ್ತಾರೆ. ಮರುವರ್ಷ ಅದೇ ಮೇಳವಾದರೂ ಆಯಿತು, ಬೇರೆ ಮೇಳವಾದರೂ ಆಯಿತು. ಫುಟ್‌ಬಾಲಿನ ಋತುವೂ ನಮ್ಮಲ್ಲಿ ಸರಿಸುಮಾರು ಅದೇ ತಿಂಗಳುಗಳದು. ಆದ್ದರಿಂದ ಈ ಲೇಖನದಲ್ಲಿ ನಾನು ಅವರನ್ನು ತಿರುಗಾಟದ ಆಟಗಾರರು ಎಂದೇ ಕರೆಯುತ್ತೇನೆ.

ತಿರುಗಾಟದವರಲ್ಲಿ ಬ್ಯಾಕುಗಳೇ ಹೆಚ್ಚಾಗಿ ಕಾಣುವುದೇಕೆ? ಗೋಲು ಹೊಡೆಯುವವನ ಬೆಲೆ ಅಂಕಿಯಲ್ಲಿ ತಿಳಿಯುತ್ತದೆ. ಇಪ್ಪತ್ತು ಗೋಲು ಹೊಡೆದವನನ್ನು ಕ್ಲಬ್ಬು ಬಿಡುವುದಿಲ್ಲ. ಬಿಟ್ಟರೂ ದೊಡ್ಡ ಕ್ಲಬ್ಬೊಂದು ಹಣ ಸುರಿದು ಕೊಳ್ಳುತ್ತದೆ. ತಡೆದ ಗೋಲುಗಳನ್ನು ಎಣಿಸುವವರು ಯಾರು? ನನ್ನ ಸೋದರಮಾವನವರು ಒಂದು ಸರ್ಕಾರಿ ಕಾರ್ಖಾನೆಯ ತಂಡದಲ್ಲಿ ಹದಿನಾಲ್ಕು ವರ್ಷ ಎಡಬದಿಯ ಬ್ಯಾಕ್ ಆಗಿದ್ದವರು. ಅವರು ಹೇಳುವುದುಂಟು: "ಬ್ಯಾಕು ಮಾಡಿದ ಹತ್ತು ಕೆಲಸ ಯಾರ ಕಣ್ಣಿಗೂ ಬೀಳೋದಿಲ್ಲ ಕಣೋ. ತಪ್ಪಿದ್ದು ಒಂದು ಮಾತ್ರ ಊರಿಗೆಲ್ಲ ಕಾಣುತ್ತೆ."

ಬ್ಯಾಕ್ ಆಟಗಾರನ ಕೆಲಸವೆಂದರೆ ಚೆಂಡನ್ನು ದೂರ ಒದೆಯುವುದಷ್ಟೇ ಎಂದು ನಮ್ಮ ಕ್ರಿಕೆಟ್ ಮಿತ್ರರು ತಿಳಿದಿದ್ದಾರೆ. ಆ ಕೆಲಸದ ಮುಕ್ಕಾಲು ಪಾಲು ಚೆಂಡಿಲ್ಲದಾಗ ನಡೆಯುತ್ತದೆ. ಆಫ್‌ಸೈಡ್ ನಿಯಮವನ್ನೇ ತೆಗೆದುಕೊಳ್ಳಿ. ೧೯೨೫ಕ್ಕೆ ಮೊದಲು, ಚೆಂಡು ಹೊರಡುವ ಕ್ಷಣದಲ್ಲಿ ದಾಳಿಗಾರನಿಗೂ ಗೋಲುಗೆರೆಗೂ ನಡುವೆ ಎದುರಾಳಿಗಳು ಮೂವರಾದರೂ ಇರಬೇಕಾಗಿತ್ತು. ಆ ವರ್ಷ ಅದನ್ನು ಇಬ್ಬರಿಗೆ ಇಳಿಸಿದರು. ಗೋಲುಗಳು ಮಳೆಯಂತೆ ಸುರಿಯತೊಡಗಿದವು. ಆಗ ನಡು ಹಾಫ್ ಬ್ಯಾಕನ್ನು ಹಿಂದಕ್ಕೆ ಕರೆದು ಇಬ್ಬರು ಬ್ಯಾಕುಗಳ ಮಧ್ಯೆ ನಿಲ್ಲಿಸಿದರು. ನಾವು ಇಂದು ಸ್ಟಾಪರ್ ಎನ್ನುವ ಆಟಗಾರ ಹುಟ್ಟಿದ್ದು ಹೀಗೆ. ಈಗಿನ ನಾಲ್ವರ ಸಾಲು ಒಂದು ಹಗ್ಗ ಹಿಡಿದಂತೆ ಒಟ್ಟಿಗೆ ಮುಂದಕ್ಕೆ, ಒಟ್ಟಿಗೆ ಹಿಂದಕ್ಕೆ ಸರಿಯಬೇಕು. ಒಬ್ಬ ಎರಡು ಹೆಜ್ಜೆ ಹಿಂದುಳಿದರೆ ಉಳಿದ ಮೂವರ ಶ್ರಮ ನೀರುಪಾಲು. ಆದ್ದರಿಂದ ಒಳ್ಳೆಯ ಬ್ಯಾಕು ತೊಂಬತ್ತು ನಿಮಿಷವೂ ಮಾತನಾಡುತ್ತಿರುತ್ತಾನೆ. ಹೊಸ ಊರಿಗೆ, ಹೊಸ ಭಾಷೆಯ ನಡುವೆ ಬಂದವನಿಗೆ ಇದು ಎಷ್ಟು ಕಷ್ಟವೆಂಬುದನ್ನು ಊಹಿಸಿಕೊಳ್ಳಬಹುದು. ಮುಂದಾಳಿಗೆ ಭಾಷೆ ಬೇಡ, ಚೆಂಡು ಸಾಕು.

ಬೆಂಗಳೂರು ಹಿಂದೆ ತಿರುಗಾಟಕ್ಕೆ ಜನರನ್ನು ಕಳಿಸುತ್ತಿದ್ದ ಊರು. ಬೆಂಗಳೂರು ಮುಸ್ಲಿಮ್ಸ್ ತಂಡ ೧೯೩೭ರಲ್ಲಿಯೂ ೧೯೩೮ರಲ್ಲಿಯೂ ಬೊಂಬಾಯಿಯ ರೋವರ್ಸ್ ಕಪ್ಪನ್ನು ಗೆದ್ದಿತು. ಅಲ್ಲಿಯವರೆಗೆ ಆ ಕಪ್ಪು ಗೋರಾ ಪಲ್ಟನ್ನುಗಳ ಸೊತ್ತಾಗಿತ್ತು. ಮೈಸೂರು ಸಂಸ್ಥಾನದ ತಂಡ ೧೯೪೬-೪೭ರಲ್ಲಿ ಸಂತೋಷ್ ಟ್ರೋಫಿಯನ್ನು ತಂದಿತು. ಆದರೆ ಹಣವೂ ಹೆಸರೂ ಇದ್ದದ್ದು ಕಲ್ಕತ್ತೆಯಲ್ಲಿ. ಅಹ್ಮದ್ ಖಾನ್ ಮತ್ತು ಧನರಾಜ್ ಈಸ್ಟ್ ಬೆಂಗಾಲ್ ಸೇರಿ, ಆ ಕ್ಲಬ್ಬಿನ ಮುಂಚೂಣಿಯ ಐವರಾದ 'ಪಂಚಪಾಂಡವ'ರಲ್ಲಿ ಇಬ್ಬರಾದರು. ೧೯೫೬ರ ಮೆಲ್ಬರ್ನ್ ಒಲಿಂಪಿಕ್ಸ್‌ನಲ್ಲಿ ಭಾರತ ನಾಲ್ಕನೆಯ ಸ್ಥಾನ ಪಡೆದಾಗ ಹಾಫ್ ಬ್ಯಾಕ್ ಆಗಿ ಆಡಿದ ಕೆಂಪಯ್ಯನವರು ಮೋಹನ್ ಬಾಗಾನಿಗೆ ಆಡಿದವರು. ನಮ್ಮ ಕಾಲಕ್ಕೆ ಹತ್ತಿರವಾಗಿ ಕಾರ್ಲ್‌ಟನ್ ಚಾಪ್‌ಮನ್ ಬೆಂಗಳೂರಿನಿಂದ ಜಮ್ಷೆಡ್‌ಪುರದ ಟಾಟಾ ಅಕಾಡೆಮಿಗೆ, ಅಲ್ಲಿಂದ ಈಸ್ಟ್ ಬೆಂಗಾಲಿಗೆ, ಪಂಜಾಬಿನ ಜೆ.ಸಿ.ಟಿ.ಗೆ, ಕೊಚ್ಚಿಗೆ, ಮತ್ತೆ ಕಲ್ಕತ್ತೆಗೆ ಹೋದರು. ೨೦೨೦ರಲ್ಲಿ, ಐವತ್ತು ತುಂಬುವ ಮೊದಲೇ, ತೀರಿಕೊಂಡರು.

ಊರಿನಲ್ಲಿಯೇ ಉಳಿದವರಿಗೆ ಕಾರ್ಖಾನೆಯ ತಂಡಗಳಿದ್ದವು. ಬೆಳಗ್ಗೆ ಅಭ್ಯಾಸ, ಆಮೇಲೆ ಕೆಲಸ, ಮುಪ್ಪಿನಲ್ಲಿ ಪಿಂಚಣಿ. ಮಾವನವರು ಈಗಲೂ ಬನಶಂಕರಿ ಎರಡನೆಯ ಹಂತದ ತಮ್ಮ ಮನೆಯನ್ನು ತೋರಿಸಿ, "ಇದರ ತಳಪಾಯ ನನ್ನ ಎಡಗಾಲು" ಎನ್ನುತ್ತಾರೆ. ಆ ಕಾಲ ಮುಗಿಯಿತು. ಕಾರ್ಖಾನೆಯ ತಂಡಗಳಲ್ಲಿ ಕೊನೆಗೆ ದೇಶದ ಉನ್ನತ ಲೀಗಿನಲ್ಲಿ ಉಳಿದಿದ್ದ ಎಚ್.ಎ.ಎಲ್. ತಂಡ ೨೦೧೧-೧೨ರ ಋತುವಿನಲ್ಲಿ ಕೆಳಗಿನ ದರ್ಜೆಗೆ ಇಳಿಯಿತು.

ಮರುವರ್ಷ, ೨೦೧೩ರಲ್ಲಿ, ಬೆಂಗಳೂರು ಎಫ್.ಸಿ. ಹುಟ್ಟಿತು, ಜನರನ್ನು ಕಳಿಸುತ್ತಿದ್ದ ಊರು ಕರೆಸಿಕೊಳ್ಳುವ ಊರಾಯಿತು. ಮೊದಲು ಬಂದವರೇ ಒಬ್ಬ ತಿರುಗಾಟದ ಬ್ಯಾಕ್. ತರಬೇತುದಾರ ಆಶ್ಲಿ ವೆಸ್ಟ್‌ವುಡ್ ಅವರ ಹಿಂದಿನ ಚರಿತ್ರೆಯನ್ನು ಓದಿದರೆ ಇಂಗ್ಲೆಂಡಿನ ರೈಲ್ವೆ ವೇಳಾಪಟ್ಟಿಯನ್ನು ಓದಿದಂತಾಗುತ್ತದೆ. ೧೯೭೬ರಲ್ಲಿ ಹುಟ್ಟಿ, ಮ್ಯಾಂಚೆಸ್ಟರ್ ಯುನೈಟೆಡ್ ಕ್ಲಬ್ಬಿನಲ್ಲಿ ಶಿಷ್ಯವೃತ್ತಿ ಮಾಡಿದರು. ಅಲ್ಲಿ ಮೊದಲ ತಂಡದ ಬಾಗಿಲು ತೆರೆಯಲಿಲ್ಲ. ೧೯೯೫ರಲ್ಲಿ ಕ್ರೂ ಎಂಬ ಚಿಕ್ಕ ಊರಿಗೆ ಹೋದರು. ಆಮೇಲೆ ಬ್ರಾಡ್‌ಫರ್ಡ್, ಶೆಫೀಲ್ಡ್ ವೆನ್ಸ್‌ಡೇ, ನಾರ್ಥಾಂಪ್ಟನ್, ಚೆಸ್ಟರ್, ಸ್ವಿಂಡನ್, ಪೋರ್ಟ್ ವೇಲ್, ಸ್ಟೀವನೇಜ್, ರೆಕ್ಸಮ್. ೧೯೯೯ರಲ್ಲಿ ಬ್ರಾಡ್‌ಫರ್ಡ್ ಪ್ರೀಮಿಯರ್ ಲೀಗಿಗೆ ಏರಿದಾಗ ಅವರು ಆ ತಂಡದಲ್ಲಿದ್ದರು. ಅದೇ ಶಿಖರ, ಅಲ್ಲಿಂದ ಮುಂದೆ ಮೆಟ್ಟಿಲಿಳಿಯುತ್ತ ಹೋದ ಪಯಣ. ಇಂತಹವರು ನಮಗೆ ಏನು ಕಲಿಸಿಯಾರೆಂದು ಕೇಳಿದವರು ಆಗ ಬೇಕಾದಷ್ಟಿದ್ದರು. ಹತ್ತು ಅಡಿಗೆಮನೆಗಳಲ್ಲಿ ಕೆಲಸ ಮಾಡಿದ ಭಟ್ಟನಿಗೆ ಒಂದೇ ಮನೆಯ ಭಟ್ಟನಿಗಿಂತ ಒಗ್ಗರಣೆಯ ಗುಟ್ಟು ಹೆಚ್ಚು ತಿಳಿದಿರುತ್ತದೆಂಬುದು ನನ್ನ ಅಭಿಪ್ರಾಯ.

ಅವರು ಮಾಡಿದ ಆಯ್ಕೆಯನ್ನು ನೋಡಿ. ಆಗಿನ ನಿಯಮದಂತೆ ಒಂದು ಕ್ಲಬ್ಬಿಗೆ ವಿದೇಶೀಯರು ನಾಲ್ವರು ಮಾತ್ರ. ಭಾರತದ ಕ್ಲಬ್ಬುಗಳು ಆ ಸ್ಥಾನಗಳನ್ನು ಸಾಮಾನ್ಯವಾಗಿ ಗೋಲು ಹೊಡೆಯುವವರಿಗೆ ಮೀಸಲಿಡುತ್ತಿದ್ದವು. ವೆಸ್ಟ್‌ವುಡ್ ನಾಲ್ಕರಲ್ಲಿ ಎರಡನ್ನು ಬ್ಯಾಕುಗಳಿಗೆ ಕೊಟ್ಟರು. ಒಬ್ಬರು ಕರ್ಟಿಸ್ ಒಸಾನೊ. ಕೀನ್ಯಾದ ನಕುರು ಪಟ್ಟಣದಲ್ಲಿ ಹುಟ್ಟಿ, ಇಂಗ್ಲೆಂಡಿನ ರಶ್ಡನ್, ಲೂಟನ್, ವಿಂಬಲ್ಡನ್ ಕ್ಲಬ್ಬುಗಳನ್ನು ಸುತ್ತಿ ಬಂದವರು. ಇನ್ನೊಬ್ಬರು ಜಾನ್ ಜಾನ್ಸನ್.

ಜಾನ್ಸನ್ ೧೯೮೮ರಲ್ಲಿ ಇಂಗ್ಲೆಂಡಿನ ಈಶಾನ್ಯದ ಮಿಡಲ್ಸ್‌ಬರೋ ಎಂಬ ಕಬ್ಬಿಣದ ಕಾರ್ಖಾನೆಗಳ ಊರಿನಲ್ಲಿ ಹುಟ್ಟಿದರು. ಊರಿನ ಕ್ಲಬ್ಬಿನಲ್ಲಿಯೇ ಬೆಳೆದರು, ಆದರೆ ಅಲ್ಲಿ ನೆಲೆ ಸಿಕ್ಕಲಿಲ್ಲ. ಟ್ರಾನ್‌ಮಿಯರ್ ಕ್ಲಬ್ಬಿಗೆ ಎರವಲಾಗಿ ಹೋದರು. ಎರವಲು ಎಂದರೆ ಪುಸ್ತಕದ ಎರವಲಿನಂತೆಯೇ. ಆಟಗಾರ ಒಂದು ಕ್ಲಬ್ಬಿನ ಸೊತ್ತು, ಓದುವವರು ಇನ್ನೊಬ್ಬರು. ೨೦೦೯ರಿಂದ ನಾಲ್ಕು ವರ್ಷ ನಾರ್ಥಾಂಪ್ಟನ್ ಕ್ಲಬ್ಬಿನಲ್ಲಿ ನಾಲ್ಕನೆಯ ದರ್ಜೆಯ ಲೀಗನ್ನು ಆಡಿದರು. ಅವರು ಅಲ್ಲಿದ್ದ ಕಾಲದಲ್ಲಿಯೇ, ೨೦೧೦ರಲ್ಲಿ, ಆ ಪುಟ್ಟ ಕ್ಲಬ್ಬು ಲಿವರ್‌ಪೂಲನ್ನು ಅದರ ಸ್ವಂತ ಮೈದಾನದಲ್ಲಿ ಪೆನಾಲ್ಟಿಗಳಿಂದ ಸೋಲಿಸಿದ ಅದ್ಭುತ ನಡೆಯಿತು. ಅಲ್ಲಿಂದ ಇಪ್ಪತ್ತೈದು ತುಂಬುವ ಹೊತ್ತಿಗೆ ಬೆಂಗಳೂರಿಗೆ ಬಂದರು. ಇಂಗ್ಲೆಂಡಿನ ನಾಲ್ಕನೆಯ ದರ್ಜೆಯ ಯುವಕನೊಬ್ಬ ಆಗ ಇನ್ನೂ ಒಂದು ಪಂದ್ಯವನ್ನೂ ಆಡಿರದ ಕ್ಲಬ್ಬನ್ನು ನಂಬಿ ಸಮುದ್ರ ದಾಟಿದ್ದು ಸಣ್ಣ ಧೈರ್ಯವಲ್ಲ.

ಮೊದಲ ಪಂದ್ಯ ೨೦೧೩ರ ಸೆಪ್ಟೆಂಬರಿನಲ್ಲಿ ಅಶೋಕನಗರದ ಫುಟ್‌ಬಾಲ್ ಕ್ರೀಡಾಂಗಣದಲ್ಲಿ ಮೋಹನ್ ಬಾಗಾನಿನೊಡನೆ ನಡೆದು ೧-೧ರಲ್ಲಿ ಮುಗಿಯಿತು. ೨೦೧೪ರ ಏಪ್ರಿಲಿನಲ್ಲಿ, ಹುಟ್ಟಿದ ವರ್ಷದಲ್ಲಿಯೇ, ತಂಡ ಐ-ಲೀಗನ್ನು ಗೆದ್ದಿತು. ಛೇತ್ರಿಯವರ ಗೋಲುಗಳನ್ನು ಎಲ್ಲರೂ ಹೊಗಳಿದರು. ಹೊಗಳತಕ್ಕದ್ದೇ. ಹಿಂದೆ ನಿಂತ ಇಬ್ಬರ ಮಾತು ಬಂದದ್ದು ಕಡಿಮೆ.

ಬ್ಯಾಕ್ ಆಟಗಾರರ ಬಾಳೇನೆಂಬುದು ೨೦೧೫ರ ಮೇ ೩೧ರಂದು ಕಂಠೀರವ ಕ್ರೀಡಾಂಗಣದಲ್ಲಿ ನನಗೆ ಅರ್ಥವಾಯಿತು. ನಾನಾಗ ಪ್ರಾಥಮಿಕ ಶಾಲೆಯ ಹುಡುಗ. ಮಾವನವರು ಕರೆದುಕೊಂಡು ಹೋಗಿದ್ದರು. ಲೀಗಿನ ಕೊನೆಯ ಪಂದ್ಯ, ಎದುರಾಳಿ ಮತ್ತೆ ಮೋಹನ್ ಬಾಗಾನ್. ಅವರಿಗೆ ೩೮ ಅಂಕ, ನಮಗೆ ೩೬. ಗೆದ್ದರೆ ಪ್ರಶಸ್ತಿ ನಮ್ಮದು, ಸಮವಾದರೆ ಅವರದು. ಮೊದಲ ಅರ್ಧದ ಕೊನೆಗೆ ಗೋಲು ಹೊಡೆದವರು ಯಾರು? ನಮ್ಮ ಬ್ಯಾಕ್ ಜಾನ್ಸನ್! ಮಾವನವರು ಎದ್ದು ನಿಂತು ಪಕ್ಕದ ಅಪರಿಚಿತರ ಬೆನ್ನಿಗೆ ಗುದ್ದಿದ್ದು ನನಗೆ ಚೆನ್ನಾಗಿ ನೆನಪಿದೆ. ಆಮೇಲೆ ಎರಡನೆಯ ಅರ್ಧವೆಲ್ಲ ಗಡಿಯಾರ ನೋಡುವುದೇ ಕೆಲಸ. ಪಂದ್ಯ ಮುಗಿಯಲು ಮೂರು ನಿಮಿಷವಿದೆ ಎನ್ನುವಾಗ ಬಾಗಾನಿಗೆ ಒಂದು ಕಾರ್ನರ್ ಸಿಕ್ಕಿತು. ಹಾರಿಬಂದ ಚೆಂಡಿಗೆ ತಲೆಕೊಟ್ಟು ಬಲೆಗೆ ಹಾಕಿದವರು ನೈಜೀರಿಯಾದ ಬೆಲ್ಲೊ ರಜಾಕ್. ಅವರೂ ಬ್ಯಾಕ್, ಅವರೂ ತಿರುಗಾಟದವರೇ. ಬಾಗಾನಿಗೆ ಹದಿಮೂರು ವರ್ಷಗಳ ಮೇಲೆ ಲೀಗು ದೊರೆಯಿತು. ಹೊರಗೆ ಬಂದ ಮೇಲೆ ಬಸ್ಸಿನಲ್ಲಿ ಮಾವನವರು ಆಡಿದ ಮಾತು ಒಂದೇ: "ಎರಡು ಗೋಲೂ ನಮ್ಮ ಜಾತಿಯವರದೇ ಕಣೋ, ಬ್ಯಾಕುಗಳದು."

ಜಾನ್ಸನ್ ಮಾತ್ರ ತಿರುಗಾಟದವರ ರೂಢಿಗೆ ವಿರುದ್ಧವಾಗಿ ಐದು ವರ್ಷ ಇಲ್ಲಿಯೇ ನಿಂತರು. ೨೦೧೬ರಲ್ಲಿ ಮತ್ತೆ ಲೀಗು ಬಂತು. ಅದೇ ವರ್ಷ ತಂಡ ಎ.ಎಫ್.ಸಿ. ಕಪ್ಪಿನ ಅಂತಿಮ ಪಂದ್ಯಕ್ಕೆ ಹೋಯಿತು. ಅಷ್ಟು ದೂರ ಹೋದ ಭಾರತದ ಮೊದಲ ಕ್ಲಬ್ಬು ಅದು. ದೋಹಾದಲ್ಲಿ ಇರಾಕಿನ ತಂಡಕ್ಕೆ ಒಂದೇ ಗೋಲಿನಿಂದ ಸೋತಿತು. ೨೦೧೮ರಲ್ಲಿ ಜಾನ್ಸನ್ ಕಲ್ಕತ್ತೆಯ ಎ.ಟಿ.ಕೆ. ಸೇರಿದರು. ಅಹ್ಮದ್ ಖಾನ್ ಹಿಡಿದ ಹಾದಿಯನ್ನೇ ಮಿಡಲ್ಸ್‌ಬರೋದ ಮನುಷ್ಯನೂ ಹಿಡಿದಂತಾಯಿತು.

ವೆಸ್ಟ್‌ವುಡ್ ಅವರು ಎರಡು ಲೀಗು ಗೆದ್ದುಕೊಟ್ಟು ೨೦೧೬ರಲ್ಲಿಯೇ ಹೊರಟಿದ್ದರು. ತರಬೇತುದಾರರಾದ ಮೇಲೂ ತಿರುಗಾಟ ತಪ್ಪಲಿಲ್ಲ. ೨೦೨೪ರ ಮಾರ್ಚಿನಲ್ಲಿ ಗುವಾಹತಿಯಲ್ಲಿ ಛೇತ್ರಿಯವರು ಭಾರತದ ಪರವಾಗಿ ೧೫೦ನೆಯ ಪಂದ್ಯವನ್ನಾಡಿ ಗೋಲನ್ನೂ ಹೊಡೆದರು. ಆದರೂ ಆಫ್ಘಾನಿಸ್ತಾನ ೨-೧ರಿಂದ ಗೆದ್ದಿತು. ಆಫ್ಘನ್ನರ ತರಬೇತುದಾರ ಇದೇ ವೆಸ್ಟ್‌ವುಡ್. ೨೦೨೫ರ ಜೂನಿನಲ್ಲಿ ಹಾಂಗ್‌ಕಾಂಗ್ ಭಾರತವನ್ನು ೧-೦ರಿಂದ ಸೋಲಿಸಿದಾಗ ಅಲ್ಲಿಯ ತರಬೇತುದಾರರೂ ಅವರೇ! ಉಪ್ಪು ತಿಂದ ಮನೆಗೆ ಎರಡು ಬಗೆದರೆಂದು ನಮ್ಮ ಹಾಸ್ಟೆಲಿನಲ್ಲಿ ಕೆಲವರು ಕೂಗಾಡಿದರು. ಕೂಲಿಗೆ ಬಂದವನು ಕೆಲಸ ಮುಗಿಸಿ ಲೆಕ್ಕ ಚುಕ್ತಾ ಮಾಡಿಕೊಂಡು ಹೋದಮೇಲೆ ಯಾರ ಹೊಲವನ್ನು ಉತ್ತರೂ ನಾವು ಆಕ್ಷೇಪಿಸುವಂತಿಲ್ಲ.

ಕರಾರಿನ ವಿಷಯ ಬಂತಾದ್ದರಿಂದ ಒಂದು ಮಾತು. ಹಿಂದೆ ಯೂರೋಪಿನಲ್ಲಿ ಕರಾರು ಮುಗಿದ ಮೇಲೂ ಹಳೆಯ ಕ್ಲಬ್ಬು ಹೊಸ ಕ್ಲಬ್ಬಿನಿಂದ ಹಣ ಕೇಳಬಹುದಾಗಿತ್ತು. ಕೊಡದಿದ್ದರೆ ಆಟಗಾರ ನಡುನೀರಿನಲ್ಲಿ. ಬೆಲ್ಜಿಯಮಿನ ಬೋಸ್ಮನ್ ಎಂಬ ಸಾಮಾನ್ಯ ಆಟಗಾರನೊಬ್ಬ ಕೋರ್ಟಿಗೆ ಹೋದ. ೧೯೯೫ರ ಡಿಸೆಂಬರಿನಲ್ಲಿ ಯೂರೋಪಿನ ನ್ಯಾಯಾಲಯ ಅವನ ಪರವಾಗಿ ತೀರ್ಪು ಕೊಟ್ಟಿತು. ಕರಾರು ಮುಗಿದವನು ಸ್ವತಂತ್ರ. ಆದರೆ ಸ್ವತಂತ್ರನೆಂದರೆ ಕೆಲಸವಿಲ್ಲದವನೆಂದೂ ಅರ್ಥವಾಗುತ್ತದೆ. ದೊಡ್ಡ ಆಟಗಾರರಿಗೆ ಮೊದಲನೆಯ ಅರ್ಥ ದಕ್ಕಿತು, ತಿರುಗಾಟದವರಿಗೆ ಎರಡನೆಯದೂ ಜೊತೆಗೆ ಬಂತು. ಕೆಲವೊಮ್ಮೆ ಕ್ಲಬ್ಬೇ ತಿರುಗಾಟಕ್ಕೆ ಬೀಳುವುದೂ ಉಂಟು. ಉಕ್ರೇನಿನ ಶಾಖ್ತಾರ್ ದೊನೆತ್ಸ್ಕ್ ತಂಡ ಯುದ್ಧದ ಕಾರಣದಿಂದ ೨೦೧೪ರಲ್ಲಿ ಸ್ವಂತ ಊರನ್ನು ಬಿಟ್ಟಿತು. ಅಲ್ಲಿಂದಾಚೆಗೆ ಲ್ವೀವ್, ಖಾರ್ಕಿವ್, ಕೀವ್ ಎಂದು ಬೇರೆಯವರ ಮೈದಾನಗಳನ್ನೇ ತನ್ನ ಮನೆಯೆಂದು ಹೇಳಿಕೊಳ್ಳುತ್ತ ಬಂದಿದೆ.

ನಮ್ಮಲ್ಲಿಯೂ ಏನೂ ಭದ್ರವಿಲ್ಲ. ೨೦೨೫ರಲ್ಲಿ ದೇಶದ ಲೀಗು ನಡೆಯುವುದೇ ಇಲ್ಲವೇ ಎಂದು ಗೊತ್ತಾಗದೆ, ಆಗಸ್ಟಿನಲ್ಲಿ ಬೆಂಗಳೂರು ಎಫ್.ಸಿ. ತನ್ನ ಮೊದಲ ತಂಡದ ಸಂಬಳವನ್ನೇ ಅನಿರ್ದಿಷ್ಟವಾಗಿ ನಿಲ್ಲಿಸಿತು. ದೇಶಕ್ಕೆ ಆಡಿದವರ ಗತಿಯೇ ಹೀಗಾದರೆ ಉಳಿದವರ ಪಾಡೇನು?

ಈ ಪ್ರಶ್ನೆ ನನಗೆ ಪುಸ್ತಕದ್ದಲ್ಲ. ನಮ್ಮ ತಂಡದ ಸ್ಟಾಪರ್ ಆಗಿದ್ದ ಗೆಳೆಯ ಬಿ.ಎ. ಮುಗಿಸಿದ ವಾರದಲ್ಲಿಯೇ ಗೋವೆಯ ಒಂದು ಕ್ಲಬ್ಬಿನಿಂದ ಅವನಿಗೆ ಒಂಬತ್ತು ತಿಂಗಳ ಕರಾರು ಬಂತು. ಅವನ ತಾಯಿ ಬಿ.ಟಿ.ಎಂ. ಬಡಾವಣೆಯಲ್ಲಿ ಹೊಲಿಗೆ ಯಂತ್ರ ಇಟ್ಟುಕೊಂಡಿದ್ದಾರೆ. ಗುಮಾಸ್ತರ ಪರೀಕ್ಷೆಗೆ ಅರ್ಜಿಯನ್ನೂ ತುಂಬಿಸಿಟ್ಟಿದ್ದರು. ಸಲಹೆ ಕೇಳಲು ಇಬ್ಬರೂ ಮಾವನವರ ಬಳಿಗೆ ಬಂದರು. ಮಾವನವರು ಬಹಳ ಹೊತ್ತು ಸುಮ್ಮನಿದ್ದು, "ನೋಡಮ್ಮ, ನಮ್ಮ ಕಾಲದಲ್ಲಿ ಎರಡೂ ಒಂದೇ ಕಡೆ ಸಿಗುತ್ತಿತ್ತು. ಈಗ ಹುಡುಗ ಒಂದನ್ನು ಬಿಡಬೇಕು. ಪರೀಕ್ಷೆ ಮೂವತ್ತು ವಯಸ್ಸಿಗೂ ಬರೆಯಬಹುದು, ಕಾಲು ಕಾಯೋದಿಲ್ಲ" ಎಂದರು. ಆಕೆ ಒಪ್ಪಿದರೋ ಇಲ್ಲವೋ ನನಗೆ ತಿಳಿಯದು. ಕರಾರಿನ ಕಾಗದವನ್ನು ಮಡಿಸಿ ಕೈಚೀಲಕ್ಕೆ ಹಾಕಿಕೊಂಡರು.

ಗೆಳೆಯ ಹೋದ. ಈಗ ಅಲ್ಲಿ ಅವನನ್ನು ಎಡಬದಿಗೆ ನಿಲ್ಲಿಸಿದ್ದಾರಂತೆ. ಪಕ್ಕದವನು ಮಣಿಪುರದವನು, ಗೋಲಿಯು ಘಾನಾದವನು. ಮೂವರೂ ಸೇರಿ 'ಮೇಲೆ', 'ಬಿಡು', 'ನಂದು' ಎಂಬ ಮೂರು ಕನ್ನಡದ ಮಾತುಗಳಲ್ಲಿ ಕೆಲಸ ನಡೆಸುತ್ತಿದ್ದಾರಂತೆ. ಕರಾರು ಮೇ ತಿಂಗಳಿಗೆ ಮುಗಿಯುತ್ತದೆ.