ನಿಮಗಿದು ಗೊತ್ತೆ? ನಾಯಕನಾಗಿ ಬಂದವರು ಮೇಷ್ಟರಾಗಿ ಉಳಿದರು

ಕೆ.ಎಸ್. ಅಶ್ವತ್ಥ್ ಎಂದೊಡನೆ ನೆನಪಾಗುವುದು ಅಪ್ಪ, ದೊಡ್ಡಪ್ಪ, ಮೇಷ್ಟ್ರು. ಹಿಂದಿನ ತಲೆಮಾರಿನವರಾದರೆ ಪೌರಾಣಿಕ ಚಿತ್ರಗಳ ನಾರದನನ್ನೂ ಸೇರಿಸುತ್ತಾರೆ. ಆದರೆ ಮೈಸೂರಿನ ಈ ನಟ 1955ರಲ್ಲಿ ‘ಸ್ತ್ರೀರತ್ನ’ದ ಮೂಲಕ ಚಿತ್ರರಂಗಕ್ಕೆ ಬಂದದ್ದು ನಾಯಕನಾಗಿ! ಬಹುಬೇಗ ಪೋಷಕ ಪಾತ್ರಗಳತ್ತ ಹೊರಳಿ, 350ಕ್ಕೂ ಹೆಚ್ಚು ಚಿತ್ರಗಳಲ್ಲಿ ಅಭಿನಯಿಸಿದರು.

1925ರಲ್ಲಿ ಹುಟ್ಟಿದ ಅವರು ರಾಜ್‌ಕುಮಾರ್ ಅವರಿಗಿಂತ ನಾಲ್ಕೇ ವರ್ಷ ದೊಡ್ಡವರು. ತೆರೆಯ ಮೇಲಿನ ಅಂತರ ಮಾತ್ರ ಒಂದು ತಲೆಮಾರಿನಷ್ಟು. ‘ಕಸ್ತೂರಿ ನಿವಾಸ’ದ (1971) ನಿಷ್ಠಾವಂತ ಮುದುಕ ರಾಮಯ್ಯನಾದಾಗ ಅವರಿಗಿನ್ನೂ ಐವತ್ತೂ ತುಂಬಿರಲಿಲ್ಲ. ಆ ನಡಿಗೆ, ಆ ತಗ್ಗಿದ ದನಿ ನೋಡಿದವರು ಇದನ್ನು ನಂಬುವುದು ಕಷ್ಟವೇ.

ಮರುವರ್ಷ ಬಂತು ಪುಟ್ಟಣ್ಣ ಕಣಗಾಲರ ‘ನಾಗರಹಾವು’. ಹಟಮಾರಿ ರಾಮಾಚಾರಿ ತಲೆಬಾಗುತ್ತಿದ್ದುದು ಚಾಮಯ್ಯ ಮೇಷ್ಟರ ಮಾತಿಗೆ ಮಾತ್ರ. ಈ ಪಾತ್ರಕ್ಕೆ ಅಶ್ವತ್ಥರಿಗೆ ಅತ್ಯುತ್ತಮ ಪೋಷಕ ನಟ ರಾಜ್ಯ ಪ್ರಶಸ್ತಿ ಬಂತು. ನಾಯಕನಿಗೆ ಸರಿಸಮನಾಗಿ ಜನರ ಬಾಯಲ್ಲಿ ಉಳಿದ ಪೋಷಕ ಪಾತ್ರ ಕನ್ನಡದಲ್ಲಿ ಇನ್ನೊಂದು ಸಿಗುವುದು ಅಪರೂಪ.

ಚಿತ್ರದ ಕೊನೆಯಲ್ಲಿ ಚಿತ್ರದುರ್ಗದ ಬೆಟ್ಟದ ಮೇಲೆ ಮೊದಲು ಸಾಯುವುದು ಗುರು. ನಿಜ ಬದುಕಿನಲ್ಲಿ ಆದದ್ದೇ ಬೇರೆ: ರಾಮಾಚಾರಿಯಾಗಿದ್ದ ವಿಷ್ಣುವರ್ಧನ್ 2009ರ ಡಿಸೆಂಬರ್ 30ರಂದು ತೀರಿಕೊಂಡರು, ಅಶ್ವತ್ಥ್ ಮೂರು ವಾರ ತುಂಬುವ ಮೊದಲೇ, 2010ರ ಜನವರಿ 18ರಂದು, ಮೈಸೂರಿನಲ್ಲಿ ನಿಧನರಾದರು.