ಖಿನ್ನತೆಯ ಬೇರು ಎಲ್ಲಿದೆ?

ಮೈಗೆ ಜ್ವರ ಬಂದರೆ ನಾವು ನೆರೆಮನೆಯವರಿಗೂ ಹೇಳುತ್ತೇವೆ. ಮನಸ್ಸಿಗೆ ಮಂಕು ಕವಿದರೆ ಮನೆಯವರಿಂದಲೇ ಮುಚ್ಚಿಡುತ್ತೇವೆ. ಊರು ಬಿಟ್ಟು ಪರಪ್ರಾಂತಗಳಲ್ಲಿ ನೆಲೆಸಿರುವ ನಮ್ಮ ಸಂಸಾರಗಳಲ್ಲಿ ಈ ಮುಚ್ಚುಮರೆ ಒಂದು ಕೈ ಹೆಚ್ಚೇ ಎನ್ನಬೇಕು. ಊರಿನಿಂದ ಫೋನು ಬಂದಾಗ ‘ಎಲ್ಲ ಕ್ಷೇಮ’ ಎನ್ನುವುದು ಅಭ್ಯಾಸವಾಗಿ ಹೋಗಿದೆ. ವಾರಗಟ್ಟಲೆ ನಿದ್ದೆ ಬಾರದೆ, ಊಟ ಸೇರದೆ, ಯಾವುದರಲ್ಲಿಯೂ ಆಸಕ್ತಿಯಿಲ್ಲದೆ ಕುಳಿತವರಿಗೆ ‘ಧೈರ್ಯ ತಂದುಕೋ’ ಎಂದು ಉಪದೇಶಿಸಿ ಸುಮ್ಮನಾಗುತ್ತೇವೆ. ಖಿನ್ನತೆಯೆಂಬುದು ಬರಿಯ ಮನೋದೌರ್ಬಲ್ಯವೇ, ಇಲ್ಲವೆ ಶರೀರದಲ್ಲಿಯೂ ಬೇರು ಬಿಟ್ಟಿರುವ ರೋಗವೇ? ಈ ಪ್ರಶ್ನೆಗೆ ಉತ್ತರ ಹುಡುಕುತ್ತ ವಿಜ್ಞಾನಿಗಳು ತೀರಿಕೊಂಡವರ ಮಿದುಳನ್ನೇ ಪರೀಕ್ಷಿಸಿ ನೋಡಿದ್ದಾರೆ. ಅವರು ಕಂಡದ್ದನ್ನು ನಾವೆಲ್ಲ ತಿಳಿದಿರುವುದು ಒಳ್ಳೆಯದು.

ಈ ಕಥೆಯಲ್ಲಿ ನಮ್ಮ ದೇಶದ ಒಂದು ಗಿಡಕ್ಕೂ ಪಾತ್ರವುಂಟು. ಅದೇ ಸರ್ಪಗಂಧಿ. 1949ರಲ್ಲಿ ಮುಂಬಯಿಯ ಡಾಕ್ಟರ್ ರುಸ್ತುಂ ಜಾಲ್ ವಕೀಲರು, ಇದರ ಬೇರು ರಕ್ತದ ಒತ್ತಡವನ್ನು ಇಳಿಸುವುದೆಂದು ಬ್ರಿಟನ್ನಿನ ವೈದ್ಯಕೀಯ ಪತ್ರಿಕೆಯೊಂದರಲ್ಲಿ ಬರೆದು ಜಗತ್ತಿನ ಗಮನ ಸೆಳೆದರು. ಆ ಬೇರಿನಿಂದ ತೆಗೆದ ರೆಸರ್ಪಿನ್ ಎಂಬ ಔಷಧ ಬಳಕೆಗೆ ಬಂದ ಮೇಲೆ, ಅದನ್ನು ಸೇವಿಸಿದವರಲ್ಲಿ ಕೆಲವರು ಖಿನ್ನರಾದರೆಂದು ವೈದ್ಯರು ವರದಿ ಮಾಡಿದರು. ರೆಸರ್ಪಿನ್ ಪ್ರಾಣಿಗಳ ಮಿದುಳಿನಲ್ಲಿ ಸೆರೊಟೋನಿನ್ ಎಂಬ ರಾಸಾಯನಿಕವನ್ನು ಬರಿದುಮಾಡುವುದೂ 1955ರಲ್ಲಿ ಗೊತ್ತಾಯಿತು. ಹಾಗಾದರೆ ಸೆರೊಟೋನಿನ್ನಿನ ಕೊರತೆಯೇ ಖಿನ್ನತೆಗೆ ಮೂಲವಿರಬಹುದೇ ಎಂಬ ಊಹೆ ಹುಟ್ಟಿತು.

ಊಹೆಯನ್ನು ಒರೆಗೆ ಹಚ್ಚಲು ಮಿದುಳನ್ನೇ ನೋಡಬೇಕಷ್ಟೆ! 1967ರಲ್ಲಿ ಇಂಗ್ಲೆಂಡಿನ ಸಂಶೋಧಕರು, ಖಿನ್ನತೆಯಿಂದ ನರಳಿ ಆತ್ಮಹತ್ಯೆ ಮಾಡಿಕೊಂಡವರ ಹಿಮ್ಮಿದುಳಿನಲ್ಲಿ ಸೆರೊಟೋನಿನ್ ಕಡಮೆಯಿದ್ದುದನ್ನು ವರದಿ ಮಾಡಿದರು. ಆದರೆ ಮುಂದಿನ ಪರೀಕ್ಷೆಗಳು ಒಂದಕ್ಕೊಂದು ತಾಳೆಯಾಗಲಿಲ್ಲ; ಕೆಲವರಿಗೆ ಕೊರತೆ ಕಂಡಿತು, ಕೆಲವರಿಗೆ ಕಾಣಲಿಲ್ಲ. ಬಗೆಬಗೆಯ ಸಾಕ್ಷ್ಯಗಳನ್ನೆಲ್ಲ ಸೇರಿಸಿ ತೂಗಿ ನೋಡಿದ 2022ರ ಒಂದು ದೊಡ್ಡ ಸಮೀಕ್ಷೆಯಲ್ಲಿಯೂ ಕೊರತೆಯೇ ಕಾರಣವೆನ್ನಲು ಸಾಕಷ್ಟು ಆಧಾರ ಸಿಗಲಿಲ್ಲ. ಉಪ್ಪು ಕಡಮೆಯಾದ ಸಾರಿಗೆ ಉಪ್ಪು ಹಾಕಿದಷ್ಟು ಸುಲಭದ ವಿಷಯ ಇದಲ್ಲ. ಹಾಗೆಂದು ಔಷಧ ನಿಷ್ಫಲವೆಂದಲ್ಲ. ಅದರಿಂದ ಗುಣ ಕಂಡವರು ಬಹು ಮಂದಿ. ವೈದ್ಯರನ್ನು ಕೇಳದೆ ಯಾರೂ ಗುಳಿಗೆ ನಿಲ್ಲಿಸಬಾರದು.

ಅನಂತರ ವಿಜ್ಞಾನಿಗಳು ರಸಗಳಿಂದ ಜೀವಕೋಶಗಳ ಕಡೆಗೆ ದೃಷ್ಟಿ ಹೊರಳಿಸಿದರು. ನಮ್ಮ ಮಿದುಳಿನಲ್ಲಿ ನರಕೋಶಗಳ ಜೊತೆಗೆ, ಅವುಗಳನ್ನು ಪೋಷಿಸಿ ಕಾಯುವ ಗ್ಲಿಯ ಎಂಬ ಕೋಶಗಳೂ ಇವೆ. ಮನೆಯ ಯಜಮಾನನ ಹಿಂದೆ ನಿಂತು ಸಂಸಾರ ನಡೆಸುವ ಗೃಹಿಣಿಯಂತೆ. ಕೆಲವು ಖಿನ್ನರ ಮಿದುಳಿನ ಮುಂಭಾಗದ ಒಂದು ಪ್ರದೇಶದಲ್ಲಿ ಈ ಗ್ಲಿಯ ಕೋಶಗಳು ಕಡಮೆಯಾಗಿದ್ದುದು 1998ರಲ್ಲಿ ಅಮೆರಿಕದಲ್ಲಿ ಕಂಡುಬಂತು. 2020ರಲ್ಲಿ ಕೆನಡಾದ ಮೆಗಿಲ್ ವಿಶ್ವವಿದ್ಯಾಲಯದವರು 17 ಮಂದಿ ಖಿನ್ನರ ಮತ್ತು 17 ಮಂದಿ ಇತರರ, ಎಲ್ಲರೂ ಪುರುಷರೇ, ಮಿದುಳುಗಳಿಂದ ಸುಮಾರು 80,000 ಕೋಶಕೇಂದ್ರಗಳನ್ನು ಒಂದೊಂದಾಗಿ ಪರೀಕ್ಷಿಸಿದರು. ಹೆಚ್ಚಿನ ವ್ಯತ್ಯಾಸ ಕಂಡದ್ದು ಒಳಪದರದ ಒಂದು ಬಗೆಯ ನರಕೋಶಗಳಲ್ಲಿ ಮತ್ತು ಇನ್ನೂ ಬಲಿಯದ ಒಂದು ಬಗೆಯ ಗ್ಲಿಯ ಕೋಶಗಳಲ್ಲಿ. ಗಂಡಸರ ಮಿದುಳಿನಲ್ಲಿ ಕಾಣುವ ಜೀನುಗಳ ಬದಲಾವಣೆಗಳಿಗೂ ಹೆಂಗಸರ ಮಿದುಳಿನಲ್ಲಿ ಕಾಣುವವಕ್ಕೂ ಹೋಲಿಕೆ ಬಹಳ ಕಡಮೆಯೆಂಬುದು 2017ರಲ್ಲಿಯೇ ತಿಳಿದಿತ್ತು.

ತಾಯಿತಂದೆಗಳಾದ ನಾವು ಮುಖ್ಯವಾಗಿ ಮನಸ್ಸಿಗೆ ತಂದುಕೊಳ್ಳಬೇಕಾದದ್ದು 2009ರ ಒಂದು ಶೋಧನೆ. ಅದೂ ಮೆಗಿಲ್‌ನದೇ. ಆತ್ಮಹತ್ಯೆ ಮಾಡಿಕೊಂಡವರಲ್ಲಿ, ಬಾಲ್ಯದಲ್ಲಿ ಹಿಂಸೆಗೆ ಒಳಗಾಗಿದ್ದ 12 ಮಂದಿ, ಹಾಗಾಗದಿದ್ದ 12 ಮಂದಿ, ಬೇರೆ ಕಾರಣಗಳಿಂದ ತೀರಿಕೊಂಡ 12 ಮಂದಿ, ಇವರ ಮಿದುಳುಗಳನ್ನು ಹೋಲಿಸಿ ನೋಡಿದರು. ಸಂಕಟದ ಕಾಲದಲ್ಲಿ ಉಕ್ಕುವ ರಸವನ್ನು ಹತೋಟಿಗೆ ತರುವ ಒಂದು ಜೀನಿನ ಮೇಲೆ, ಮೊದಲ ಗುಂಪಿನವರಲ್ಲಿ ಹೆಚ್ಚಿನ ರಾಸಾಯನಿಕ ಮುದ್ರೆ ಬಿದ್ದಿತ್ತು. ಜೀನಿನ ಕೆಲಸ ಕುಗ್ಗಿತ್ತು. ಬಾಲ್ಯದ ಪೆಟ್ಟು ದೊಡ್ಡವರ ಮಿದುಳಿನಲ್ಲಿ ಗುರುತು ಉಳಿಸಬಲ್ಲದೆಂಬುದಕ್ಕೆ ಇದು ಸೂಚನೆ. ಆದರೂ ಮಿದುಳು ಕಲ್ಲಲ್ಲ. ಖಿನ್ನತೆಗೆ ಔಷಧ ಪಡೆದಿದ್ದವರ ಹಿಪ್ಪೊಕ್ಯಾಂಪಸ್ ಎಂಬ ಭಾಗದಲ್ಲಿ ಹೊಸ ಕೋಶಗಳ ಮೊಳಕೆಗಳು, ಔಷಧ ಪಡೆಯದವರಲ್ಲಿಗಿಂತ ಹೆಚ್ಚಿಗೆ ಇದ್ದುದನ್ನು ಅದೇ ವರ್ಷ ನ್ಯೂಯಾರ್ಕಿನ ಸಂಶೋಧಕರು ಪ್ರಕಟಿಸಿದರು.

ಇಷ್ಟಾದರೂ ಮರಣೋತ್ತರ ಪರೀಕ್ಷೆಗೆ ತನ್ನದೇ ಆದ ಮಿತಿಯುಂಟು. ನೆರೆ ಇಳಿದ ಮೇಲೆ ಗೋಡೆಯ ಮೇಲಿನ ಕೆಸರಿನ ಗೆರೆ ನೋಡಿ ನೀರು ಎಷ್ಟು ಏರಿತ್ತೆಂದು ಹೇಳಬಹುದು. ಮಳೆ ಎಲ್ಲಿ ಸುರಿಯಿತೆಂದು ಹೇಳಲಾಗದು. ಕಂಡ ಬದಲಾವಣೆ ರೋಗಕ್ಕೆ ಕಾರಣವೋ, ರೋಗದ ಫಲವೋ, ಸೇವಿಸಿದ ಔಷಧದ ಪರಿಣಾಮವೋ ಎಂದು ಬೇರ್ಪಡಿಸುವುದು ಕಷ್ಟ. ಆದ್ದರಿಂದಲೇ ಸಂಶೋಧಕರು ಸತ್ತವರ ಮನೆಯವರನ್ನು ಕಂಡು, ಅವರ ಬಾಳು ಹೇಗಿತ್ತು, ನಿದ್ದೆ ಹೇಗಿತ್ತು, ದುಃಖವೇನಿತ್ತು ಎಂದು ಸಾವಧಾನವಾಗಿ ಕೇಳಿ ತಿಳಿಯುತ್ತಾರೆ. ಮನೆಯವರು ಬಾಯಿ ಬಿಡದಿದ್ದರೆ ಮಿದುಳಿನ ಚೂರೂ ಮೂಕವೇ.

ನಮ್ಮ ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆಯಲ್ಲಿ 1995ರಲ್ಲಿ ಮಿದುಳು ಭಂಡಾರವೊಂದು ಸ್ಥಾಪನೆಯಾಯಿತು. ಡಾಕ್ಟರ್ ಎಸ್. ಕೆ. ಶಂಕರ್ ಅದನ್ನು ಕಟ್ಟಿ ಬೆಳೆಸಿದವರು. ಮನೆಯವರ ಒಪ್ಪಿಗೆಯಿಂದ ಬಂದ ಮಿದುಳುಗಳನ್ನು ಅಲ್ಲಿ ಸಂಶೋಧನೆಗಾಗಿ ಕಾಪಾಡುತ್ತಾರೆ. ಹೋಲಿಸಿ ನೋಡಲು ರೋಗವಿಲ್ಲದವರ ಮಿದುಳೂ ಅಷ್ಟೇ ಅಗತ್ಯ. ಸಾವಾದ ಕೆಲವೇ ಗಂಟೆಗಳೊಳಗೆ, ಅಳುವಿನ ನಡುವೆ, ಯಾರೋ ‘ಆಗಲಿ’ ಎಂದುದರಿಂದಲೇ ಇಂಥ ಜ್ಞಾನವೆಲ್ಲ ನಮಗೆ ದೊರಕುವುದು. ಅಂಥ ಕುಟುಂಬಗಳಿಗೆ ನಾವು ಋಣಿಗಳು.

ಆ ಋಣ ತೀರಿಸುವ ದಾರಿ ಬದುಕಿರುವವರ ನಡುವೆಯೇ ಇದೆ. ಖಿನ್ನತೆ ಸೋಮಾರಿತನವಲ್ಲ, ಪೂರ್ವಜನ್ಮದ ಪಾಪವಲ್ಲ, ಮನೆತನಕ್ಕೆ ಕಳಂಕವೂ ಅಲ್ಲ. ಮನೆಯಲ್ಲಿ ಯಾರಾದರೂ ಎರಡು ವಾರ ಮೀರಿ ಮಂಕಾಗಿದ್ದರೆ ಉಪದೇಶ ಬಿಟ್ಟು, ಜೊತೆಗೆ ಕುಳಿತು ಕೇಳೋಣ, ವೈದ್ಯರಲ್ಲಿಗೆ ಕರೆದೊಯ್ಯೋಣ. ಬದುಕೇ ಬೇಡವೆಂಬ ಮಾತು ಬಂದರಂತೂ ಒಂದು ದಿನವೂ ತಡಮಾಡುವುದು ಬೇಡ. 2022ರ ಅಕ್ಟೋಬರಿನಲ್ಲಿ ಸರ್ಕಾರ ಆರಂಭಿಸಿದ ಟೆಲಿ-ಮಾನಸ್ ಸೇವೆಗೆ 14416 ಎಂಬ ಸಂಖ್ಯೆಗೆ ಹಗಲಿರುಳೆನ್ನದೆ ಪುಕ್ಕಟೆಯಾಗಿ ಫೋನು ಮಾಡಬಹುದು. ಮುಂದಿನ ಸಲ ಊರಿನಿಂದ ಫೋನು ಬಂದಾಗ, ಕ್ಷೇಮವಿಲ್ಲದಿದ್ದರೆ, ಇಲ್ಲವೆಂದೇ ಹೇಳೋಣ.