ಹರ್ಡ್ ದ್ವೀಪ: ಜ್ವಾಲಾಮುಖಿಯ ಮೇಲೆ ಹಿಮದ ಹೊದಿಕೆ

ಭೂಪಟವನ್ನು ಬಿಡಿಸಿ ಕಾರವಾರದ ಮೇಲೆ ಬೆರಳಿಡಿ. ಅಲ್ಲಿಂದ ನೇರವಾಗಿ ದಕ್ಷಿಣಕ್ಕೆ ಸರಿಯಿರಿ. ಮಾಲ್ಡೀವ್ಸ್ ಸನಿಹ ಹಾದು, ಭೂಮಧ್ಯರೇಖೆಯನ್ನು ದಾಟಿ, ಸುಮಾರು 7,500 ಕಿಮೀ ಸಾಗಿದರೆ ಒಂದು ಚುಕ್ಕೆ ಸಿಗುತ್ತದೆ. ಅದೇ ಹರ್ಡ್ ದ್ವೀಪ. ವಿಸ್ತೀರ್ಣ 368 ಚದರ ಕಿಮೀ. ಆಸ್ಟ್ರೇಲಿಯಾಕ್ಕೆ ಸೇರಿದ ಈ ದ್ವೀಪ ಪರ್ತ್ ನಗರದಿಂದ 4,000 ಕಿಮೀಗೂ ಹೆಚ್ಚು ದೂರದಲ್ಲಿದೆ. ಇಲ್ಲಿ ಜನವಸತಿ ಇಲ್ಲ. ಒಂದು ಮರವೂ ಇಲ್ಲ.

ದ್ವೀಪದ ಬಹುಭಾಗವನ್ನು ಬಿಗ್ ಬೆನ್ ಎಂಬ ಜೀವಂತ ಜ್ವಾಲಾಮುಖಿ ಆಕ್ರಮಿಸಿದೆ. ಅದರ ತುದಿಯಾದ ಮಾಸನ್ ಶಿಖರದ ಎತ್ತರ 2,745 ಮೀ. ಒಡಲಲ್ಲಿ ಲಾವಾ, ಮೈಮೇಲೆ ಹಿಮನದಿಗಳು!

ಇಷ್ಟೊಂದು ಚಳಿ ಏಕೆ?

ಹರ್ಡ್ ಇರುವುದು 53° ದಕ್ಷಿಣ ಅಕ್ಷಾಂಶದಲ್ಲಿ. ಐರ್ಲೆಂಡಿನ ಡಬ್ಲಿನ್ 53° ಉತ್ತರದಲ್ಲಿದೆ. ಸಮಭಾಜಕದಿಂದ ಎರಡೂ ಸಮಾನ ದೂರ. ಆದರೆ ಡಬ್ಲಿನ್ ಹಸಿರಾಗಿದೆ, ಹರ್ಡ್ ಹಿಮಾವೃತವಾಗಿದೆ. ಕಾರಣ ಸಾಗರ ಪ್ರವಾಹಗಳು. ಉತ್ತರ ಅಟ್ಲಾಂಟಿಕ್‌ನ ಬೆಚ್ಚನೆಯ ನೀರು ಡಬ್ಲಿನ್‌ನತ್ತ ಶಾಖವನ್ನು ಹೊತ್ತು ತರುತ್ತದೆ. ದಕ್ಷಿಣದಲ್ಲಿಯಾದರೋ ತಡೆಯಲು ಭೂಖಂಡವಿಲ್ಲದ ಕಾರಣ ಪ್ರವಾಹವು ಅಂಟಾರ್ಕ್ಟಿಕವನ್ನು ಸುತ್ತುತ್ತಲೇ ಇರುತ್ತದೆ. ಉತ್ತರದ ಬೆಚ್ಚನೆಯ ನೀರು ಇದನ್ನು ದಾಟಿ ಸುಲಭವಾಗಿ ಬರಲಾರದು. ಹರ್ಡ್ ಈ ಗಡಿಯ ತಣ್ಣನೆಯ ಮಗ್ಗುಲಲ್ಲಿದೆ.

ಎತ್ತರವೂ ಸೇರಿಕೊಳ್ಳುತ್ತದೆ. ಪ್ರತಿ ಕಿಮೀ ಏರಿದಂತೆ ಉಷ್ಣತೆ ಸರಾಸರಿ 6.5° ಸೆ ಇಳಿಯುತ್ತದೆ. ಅಂದರೆ ಶಿಖರವು ಕಡಲ ತೀರಕ್ಕಿಂತ ಸುಮಾರು 18° ಸೆ ತಣ್ಣಗಿರಬೇಕು. ಪಶ್ಚಿಮದ ಬಿರುಗಾಳಿ ತರುವ ತೇವ ಅಲ್ಲಿ ಹಿಮವಾಗಿ ಬೀಳುತ್ತದೆ.

ತೀರದ ನಿವಾಸಿಗಳು

ನೆಲ ಬರಡಾದರೂ ಕಡಲು ಸಮೃದ್ಧ. ರಾಜ ಪೆಂಗ್ವಿನ್, ಮ್ಯಾಕರೋನಿ ಪೆಂಗ್ವಿನ್, ಆನೆ ಸೀಲ್, ತುಪ್ಪಳ ಸೀಲ್‌ಗಳು ಸಂತಾನಾಭಿವೃದ್ಧಿಗೆ ಇಲ್ಲಿನ ತೀರಕ್ಕೆ ಬರುತ್ತವೆ. 1855ರಿಂದ ಬೇಟೆಗಾರರು ಎಣ್ಣೆಗಾಗಿ ಸೀಲ್‌ಗಳನ್ನು ಕೊಂದು, ಕೆಲವೇ ದಶಕಗಳಲ್ಲಿ ಅವನ್ನು ಬಹುತೇಕ ಬರಿದುಮಾಡಿದರು. ಆದರೂ ಅನೇಕ ದ್ವೀಪಗಳಲ್ಲಿ ಹಕ್ಕಿಗಳ ಮೊಟ್ಟೆ, ಮರಿಗಳನ್ನು ನುಂಗಿಹಾಕಿದ ಇಲಿ, ಬೆಕ್ಕುಗಳು ಇಲ್ಲಿ ನೆಲೆಯೂರಲಿಲ್ಲ. 1997ರಲ್ಲಿ ಇದು ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು.

ಬೇಲಿ ಕರಗಿದರೆ?

ಹಿಮನದಿಗಳು 1947ರಲ್ಲಿ ಸುಮಾರು 289 ಚದರ ಕಿಮೀ ವ್ಯಾಪಿಸಿದ್ದವು. 2019ರ ವೇಳೆಗೆ ಅದು ಸುಮಾರು 225ಕ್ಕೆ ಇಳಿದಿತ್ತು. ಐದರಲ್ಲಿ ಒಂದು ಭಾಗಕ್ಕಿಂತ ಹೆಚ್ಚು ಮಾಯ! ಕಡಲಿನವರೆಗೆ ಚಾಚಿದ ಹಿಮನದಿಗಳು ತೀರದ ತುಣುಕು ನೆಲಗಳ ನಡುವೆ ಬೇಲಿಯಂತಿವೆ. ಅವು ಹಿಂದೆ ಸರಿದರೆ ಆ ನೆಲಗಳು ಒಂದಕ್ಕೊಂದು ಕೂಡಿಕೊಳ್ಳುತ್ತವೆ. ಹೊರಗಿನಿಂದ ಬಂದ ಒಂದು ಬೀಜವೋ ಕೀಟವೋ ಆಗ ದ್ವೀಪವಿಡೀ ಹರಡಬಹುದು.

2025ರ ನವೆಂಬರ್‌ನಲ್ಲಿ ಇಲ್ಲಿ ಸತ್ತ ಆನೆ ಸೀಲ್‌ಗಳಲ್ಲಿ ಎಚ್5 ಹಕ್ಕಿಜ್ವರದ ವೈರಸ್ ಇರುವುದು ದೃಢಪಟ್ಟಿತು. ರೋಗ ಬರಲು ಹಡಗು ಬೇಕಿಲ್ಲ, ಹಕ್ಕಿಯ ರೆಕ್ಕೆ ಸಾಕು.

ಮನುಷ್ಯ ಕಾಲಿಡದಿದ್ದರೆ ಒಂದು ತಾಣ ಸುರಕ್ಷಿತ ಎಂದು ನಾವು ಭಾವಿಸುತ್ತೇವೆ. ಆದರೆ ನಮ್ಮ ಒಲೆ, ವಾಹನಗಳ ಇಂಗಾಲದ ಡೈಆಕ್ಸೈಡ್‌ಗೆ ಯಾವ ಗಡಿಯೂ ಇಲ್ಲ. ಕಾರವಾರದಿಂದ ಹರ್ಡ್‌ವರೆಗೆ ಇರುವುದು ಒಂದೇ ಗಾಳಿ, ಒಂದೇ ಕಡಲು.